ಹಬಶಿ ವಜೀರನ ಊರಿನಲ್ಲಿ ಕಾಡುಜನರ ಸಿನಿಮಾ

ಉತ್ತರ ಕರ್ನಾಟಕದ ದೊಡ್ಡ ಜಾತ್ರೆಗಳಲ್ಲಿ ತೊಟ್ಟಿಲು, ಸಾವಿನ ಬಾವಿ, ಚುರಮರಿ ಅಂಗಡಿಗಳ ಸಾಲು ಮುಗಿಯುವಲ್ಲಿ ಒಂದು ಸಣ್ಣ ತಂಬು ಇರುತ್ತಿತ್ತು. ಹೊರಗೆ ಗಾಢ ಬಣ್ಣದ ಬೋರ್ಡು, ಕರ್ಕಶ ಮೈಕು. ‘ಬರ್ರಿ, ಬರ್ರಿ! ಅರ್ಧ ಹೆಣ್ಣ, ಅರ್ಧ ಹಾವ! ಮಾತಾಡತಾಳ, ಅನ್ನ ಉಣ್ಣತಾಳ, ನೀವ ಕೇಳಿದ್ದಕ್ಕ ಉತ್ರಾ ಕೊಡತಾಳ!’ ಅವಳು ಎಲ್ಲಿಯವಳು ಎಂದು ಕೇಳಿದರೆ ಮೈಕಿನವನು ಯಾವುದೋ ದೂರದ ಕಾಡಿನ ಹೆಸರು ಹೇಳುತ್ತಿದ್ದ. ಅವಳು ಪಕ್ಕದೂರಿನವಳು ಎಂದರೆ ಯಾರೂ ದುಡ್ಡು ಕೊಟ್ಟು ಒಳಗೆ ಬರುವುದಿಲ್ಲ ಎಂಬುದು ಅವನಿಗೆ ಗೊತ್ತಿತ್ತು.

ಒಳಗಿನ ಕೈಚಳಕ ಇಷ್ಟೇ. ಮೇಜಿನ ಕಾಲುಗಳ ನಡುವೆ ಎರಡು ಕನ್ನಡಿಗಳನ್ನು ಓರೆಯಾಗಿ ನಿಲ್ಲಿಸುತ್ತಾರೆ. ಹುಡುಗಿಯ ಮೈ ಕನ್ನಡಿಯ ಹಿಂದೆ ಅಡಗುತ್ತದೆ, ತಲೆ ಮಾತ್ರ ಮೇಜಿನ ಮೇಲೆ ಕಾಣುತ್ತದೆ. ಮೇಜಿನ ಕೆಳಗೆ ಖಾಲಿ ಜಾಗವಿದೆ, ಅದರಾಚೆ ಹಿಂದಿನ ಪರದೆ ಕಾಣುತ್ತಿದೆ ಎಂದು ನೋಡುವವರು ನಂಬುತ್ತಾರೆ. ನಿಜಕ್ಕೂ ಅವರಿಗೆ ಕಾಣುತ್ತಿರುವುದು ಪಕ್ಕದ ಪರದೆಯ ಪ್ರತಿಬಿಂಬ. 1865ರಲ್ಲಿ ಲಂಡನ್ನಿನ ಈಜಿಪ್ಷಿಯನ್ ಹಾಲಿನಲ್ಲಿ ಇದೇ ಉಪಾಯದಿಂದ ‘ಸ್ಫಿಂಕ್ಸ್’ ಎಂಬ ಮಾತನಾಡುವ ತಲೆಯನ್ನು ತೋರಿಸಿದ್ದರು. ಆ ತಲೆಗೂ ಈಜಿಪ್ತಿನ ವೇಷ ತೊಡಿಸಿದ್ದರು. ಲಂಡನ್ನಿನವರಿಗೆ ಈಜಿಪ್ತು ಬೇಕಿತ್ತು, ನಮಗೆ ಕಾಡು ಬೇಕಿತ್ತು.

ದೂರದ ಜನರನ್ನು ವಿಚಿತ್ರವೆಂದು ತೋರಿಸುವ ಮನರಂಜನೆಯ ಒಟ್ಟು ಇತಿಹಾಸವೇ ಈ ಮೇಜಿನ ಕೆಳಗಿದೆ. ಆಚೆಯದನ್ನು ಕಂಡೆವು ಎಂದುಕೊಂಡು ನಾವು ನಮ್ಮದೇ ತಂಬಿನ ಬಟ್ಟೆ ನೋಡಿ ಬರುತ್ತೇವೆ. ಈ ಮಾತನ್ನು ಯಾವ ಊರಿಗೂ ಅನ್ವಯಿಸಬಹುದು. ಆದರೆ ವಿಜಯಪುರದಲ್ಲಿ, ಅಂದರೆ ಹಳೆಯ ಬಿಜಾಪುರದಲ್ಲಿ, ಅದಕ್ಕೆ ಬೇರೆಯೇ ತೂಕವಿದೆ, ಏಕೆಂದರೆ ಈ ಊರಿಗೆ ದೂರದವರು ಎಂದೂ ಅಪರೂಪವಾಗಿರಲಿಲ್ಲ.

ಗದ್ದುಗೆಯ ಪಕ್ಕದ ಆಫ್ರಿಕಾ

1490ರಿಂದ 1686ರವರೆಗೆ ಆಳಿದ ಆದಿಲ್‌ಶಾಹಿಗಳ ರಾಜಧಾನಿಯಲ್ಲಿ ಇಥಿಯೋಪಿಯಾ ಮೂಲದ ಹಬಶಿಗಳು ಕಾವಲುಗಾರರಷ್ಟೇ ಆಗಿರಲಿಲ್ಲ. ಎರಡನೇ ಇಬ್ರಾಹಿಂ ಆದಿಲ್‌ಶಾಹ ಇನ್ನೂ ಹುಡುಗನಾಗಿದ್ದಾಗ, 1582ರಿಂದ ಸುಮಾರು ಎಂಟು ವರ್ಷ ರಾಜ್ಯದ ಚುಕ್ಕಾಣಿ ಹಿಡಿದವನು ದಿಲಾವರ್ ಖಾನ್ ಎಂಬ ಹಬಶಿ. ಗೋಳಗುಮ್ಮಟ ಕಟ್ಟಿಸಿದ ಮಹಮ್ಮದ್ ಆದಿಲ್‌ಶಾಹನ ಕಾಲಕ್ಕೆ ಮಲಿಕ್ ರೈಹಾನ್ ಎಂಬ ಹಬಶಿ ಇಖ್ಲಾಸ್ ಖಾನ್ ಎಂಬ ಬಿರುದು ಪಡೆದು ವಜೀರನಾದ, ದಂಡನಾಯಕನೂ ಆದ. ಸುಲ್ತಾನ ಮತ್ತು ಇಖ್ಲಾಸ್ ಖಾನ್ ಒಂದೇ ಆನೆಯ ಮೇಲೆ ಕುಳಿತಿರುವ ಚಿತ್ರವನ್ನು ಸುಮಾರು 1645ರಲ್ಲಿ ಹೈದರ್ ಅಲಿ ಮತ್ತು ಇಬ್ರಾಹಿಂ ಖಾನ್ ಎಂಬ ಕಲಾವಿದರು ಬರೆದರು. ಇಖ್ಲಾಸ್ ಖಾನನ ಬೇರೊಂದು ಭಾವಚಿತ್ರ ಈಗ ಅಮೆರಿಕದ ಸ್ಯಾನ್ ಡಿಯಾಗೊ ಕಲಾ ಸಂಗ್ರಹಾಲಯದಲ್ಲಿದೆ. ಅದರಲ್ಲಿ ಅವನ ಕಪ್ಪು ಮೈಬಣ್ಣವನ್ನು ಚಿತ್ರಕಾರ ಮುಚ್ಚಿಟ್ಟಿಲ್ಲ, ಅದನ್ನು ನಗೆಪಾಟಲಿಗೂ ಈಡುಮಾಡಿಲ್ಲ. ಆ ಮುಖದಲ್ಲಿ ಅಧಿಕಾರಸ್ಥನ ಗತ್ತು ಇದೆ.

ಪಟ್ಟಿ ಇಲ್ಲಿಗೆ ನಿಲ್ಲುವುದಿಲ್ಲ. ಇಬ್ರಾಹಿಂ ರೋಜಾದ ಕಟ್ಟಡ ಕೆಲಸ ನಡೆಸಿದ ಮಲಿಕ್ ಸಂದಲ್ ಹಬಶಿ ಎಂದು ಇತಿಹಾಸಕಾರರು ಗುರುತಿಸುತ್ತಾರೆ. 1660ರಲ್ಲಿ ಪನ್ಹಾಳಕ್ಕೆ ಮುತ್ತಿಗೆ ಹಾಕಿದ ಸಿದ್ದಿ ಜೌಹರ್, ರಾಜ್ಯ ಕೊನೆಯುಸಿರೆಳೆಯುವ ಮುಂಚಿನ ವರ್ಷಗಳಲ್ಲಿ ಆಡಳಿತ ನಡೆಸಿದ ಸಿದ್ದಿ ಮಸೂದ್ ಇಬ್ಬರೂ ಆಫ್ರಿಕಾ ಮೂಲದವರು. ಶೆರ್ಜಾ ಬುರುಜಿನ ಮೇಲಿರುವ ಮಲಿಕ್-ಎ-ಮೈದಾನ್ ತೋಪನ್ನು 1549ರಲ್ಲಿ ಅಹ್ಮದನಗರದಲ್ಲಿ ಎರಕ ಹೊಯ್ದವನು ಮಹಮ್ಮದ್ ಬಿನ್ ಹಸನ್ ರೂಮಿ, ತುರ್ಕಿಯವನು. ಹಾಲೆಂಡಿನ ಕಾರ್ನೆಲಿಸ್ ಹೆಡಾ ಎಂಬ ಚಿತ್ರಕಾರ ಇಬ್ರಾಹಿಂನ ಆಸ್ಥಾನದಲ್ಲಿದ್ದ.

ಇದನ್ನೆಲ್ಲ ಹೇಳಿ ‘ನಮ್ಮ ಊರು ಆಗಲೇ ಎಷ್ಟು ಉದಾರವಾಗಿತ್ತು’ ಎಂದು ಬೆನ್ನು ತಟ್ಟಿಕೊಳ್ಳುವಂತಿಲ್ಲ. ಹಬಶಿಗಳಲ್ಲಿ ಬಹಳ ಮಂದಿ ಇಲ್ಲಿಗೆ ಬಂದದ್ದು ಗುಲಾಮರಾಗಿ. ಹುಟ್ಟೂರಿನಿಂದ ಕಿತ್ತು, ಹಲವು ಸಂತೆಗಳಲ್ಲಿ ಮಾರಿ, ಹಡಗಿಗೆ ಹತ್ತಿಸಿದ ಮಕ್ಕಳು ಅವರು. ದಿಲಾವರ್ ಖಾನನ ಅಧಿಕಾರ ಹೋದ ಮೇಲೆ ಅವನ ಕಣ್ಣು ಕೀಳಿಸಿದರು. ಆದರೂ ಒಂದು ವಿಷಯ ಗಮನಿಸಬೇಕು. ದಖ್ಖನ್ನಿನ ಆಸ್ಥಾನಗಳಲ್ಲಿ ಸ್ಥಳೀಯರಾದ ದಖ್ಖನಿಗಳಿಗೂ ಇರಾನು, ಮಧ್ಯ ಏಷ್ಯಾಗಳಿಂದ ಬಂದ ಆಫಾಕಿಗಳಿಗೂ ಸದಾ ಜಗಳ. ಆ ಜಗಳದಲ್ಲಿ ಹಬಶಿಗಳು ನಿಂತದ್ದು ದಖ್ಖನಿಗಳ ಕಡೆಗೆ. ಸಮುದ್ರ ದಾಟಿ ಬಂದ ಕಪ್ಪು ಮೈಯವನು ಈ ನೆಲದವನೆಂದು ಲೆಕ್ಕಕ್ಕೆ ಬಂದ, ಇರಾನಿನಿಂದ ಬಂದ ಬಿಳಿ ಮೈಯವನು ಪರಕೀಯನಾದ. ಮೈಬಣ್ಣವಾಗಲಿ ಮೈಲಿಗಳಾಗಲಿ ಒಬ್ಬನನ್ನು ತಾವಾಗಿಯೇ ವಿಚಿತ್ರನನ್ನಾಗಿ ಮಾಡುವುದಿಲ್ಲ. ಜೊತೆಗೆ ಬದುಕುವುದು, ಕಾದಾಡುವುದು, ಲೇವಾದೇವಿ ಮಾಡುವುದು ನಿಂತ ಮೇಲೆ ಆ ಕೆಲಸ ಸುರುವಾಗುತ್ತದೆ.

ಊರೇ ತಮಾಷೆಯಾದಾಗ

ರಾಜ್ಯ ಬಿದ್ದ ಮೇಲೆ ಪಾತ್ರಗಳು ಅದಲುಬದಲಾದವು. ದೂರದವರನ್ನು ಒಳಗೆ ಕರೆದುಕೊಂಡ ಊರು ತಾನೇ ಇನ್ನೊಬ್ಬರ ದೂರದೇಶವಾಯಿತು. ಸುರಪುರದಲ್ಲಿ ಆಡಳಿತ ನಡೆಸಿದ್ದ ಫಿಲಿಪ್ ಮೆಡೋಸ್ ಟೇಲರ್ ಈ ಸೀಮೆಯನ್ನು ಚೆನ್ನಾಗಿ ಬಲ್ಲವನು. ಅವನ ‘ತಾರಾ’ (1863) ಕಾದಂಬರಿಯಲ್ಲಿ ಅಫ್ಜಲ್ ಖಾನನ ಕಾಲದ ಬಿಜಾಪುರ ಬರುತ್ತದೆ. ‘ಎ ನೋಬಲ್ ಕ್ವೀನ್’ (1878) ಚಾಂದಬೀಬಿಯ ಕಥೆ. ಬ್ರಿಟನ್ನಿನ ಓದುಗರು ಇವನ್ನು ಬೆಂಕಿಗೂಡಿನ ಮುಂದೆ ಕುಳಿತು ಓದಿದರು. ಪಾಳು ಅರಮನೆ, ಬುರುಖಾ, ವಿಷ, ವಂಚನೆ. ಟೇಲರನಿಗೆ ಇಲ್ಲಿಯವರ ಮೇಲೆ ಪ್ರೀತಿ ಇದ್ದದ್ದು ನಿಜ. ಪ್ರೀತಿಯಿಂದ ಬರೆದರೂ ಓದುಗರ ಕಿಸೆಯಿಂದ ಕಾಸು ಹೊರಗೆಳೆಯುವ ರುಚಿ ಯಾವುದೆಂಬುದೂ ಅವನಿಗೆ ತಿಳಿದಿತ್ತು.

ಅವನಿಗೆ ಹೆಸರು ತಂದ ಮೊದಲ ಪುಸ್ತಕ 1839ರ ‘ಕನ್ಫೆಶನ್ಸ್ ಆಫ್ ಎ ಥಗ್’. ವಿಕ್ಟೋರಿಯಾ ರಾಣಿಯೂ ಕುತೂಹಲದಿಂದ ಓದಿದ ಪುಸ್ತಕ ಅದು. ಕರವಸ್ತ್ರದಿಂದ ಕತ್ತು ಬಿಗಿದು ಕೊಲ್ಲುವ, ಕೊಲೆಯನ್ನೇ ಪೂಜೆ ಎನ್ನುವ ಜನ ಹಿಂದುಸ್ತಾನದ ದಾರಿಗಳಲ್ಲಿ ತುಂಬಿದ್ದಾರೆ ಎಂಬ ಚಿತ್ರ ಅಲ್ಲಿಂದ ಹರಡಿತು. ಹಾಲಿವುಡ್ಡು ಅದನ್ನು ನೂರು ವರ್ಷದ ಮೇಲೂ ಬಿಡಲಿಲ್ಲ. 1939ರ ‘ಗಂಗಾ ದಿನ್’, 1984ರ ‘ಇಂಡಿಯಾನಾ ಜೋನ್ಸ್ ಅಂಡ್ ದಿ ಟೆಂಪಲ್ ಆಫ್ ಡೂಮ್’ ಎರಡರಲ್ಲೂ ಅದೇ ಥಗ್ಗರು, ಅದೇ ಕಾಳಿ.

ಇಷ್ಟಾದರೆ ಕಥೆಪುಸ್ತಕದ ಮಾತು ಎಂದು ಬಿಡಬಹುದಿತ್ತು. ಆದರೆ ಹುಟ್ಟಿನಿಂದಲೇ ಒಂದು ಕುಲ ಕಳ್ಳಕುಲ ಎಂದು ನೋಡುವ ಕಣ್ಣು 1871ರಲ್ಲಿ ಅಪರಾಧಿ ಬುಡಕಟ್ಟುಗಳ ಕಾಯ್ದೆಯೂ ಆಯಿತು. ಮುಂದೆ ಆ ಕಾಯ್ದೆಯಡಿ ಮುಂಬಯಿ ಪ್ರಾಂತ್ಯದಲ್ಲಿ ತೆರೆದ ಸೆಟ್ಲಮೆಂಟುಗಳಲ್ಲಿ ಒಂದು ಬಿಜಾಪುರದಲ್ಲಿತ್ತು. ಅಲೆಮಾರಿ ಜನರನ್ನು ಅಲ್ಲಿ ಕೂಡಿಹಾಕಿ, ಹಾಜರಿ ತೆಗೆದುಕೊಂಡು, ಪಾಸು ಇಲ್ಲದೆ ಹೊರಗೆ ಹೋಗದಂತೆ ಮಾಡಿದರು. ಕಾಯ್ದೆ ರದ್ದಾದದ್ದು 1952ರಲ್ಲಿ. ಓದಿ ಮೈ ಜುಮ್ಮೆನ್ನಿಸಿಕೊಂಡವರು ಬೇರೆ, ದಿನಾ ಹಾಜರಿ ಹಾಕಿದವರು ಬೇರೆ.

ಊರಿನವರೂ ಈ ವ್ಯಾಪಾರದಲ್ಲಿ ಹಿಂದೆ ಬೀಳಲಿಲ್ಲ. ನಗರದ ಪಶ್ಚಿಮಕ್ಕೆ ಇರುವ ಸಾಠ್ ಕಬರಿಗೆ ಹೋಗಿ ಬನ್ನಿ. ಅಫ್ಜಲ್ ಖಾನ ಶಿವಾಜಿಯ ಮೇಲೆ ಹೊರಡುವ ಮುಂಚೆ ತನ್ನ 63 ಹೆಂಡಿರನ್ನು ಕೊಂದು ಸಾಲಾಗಿ ಹೂಳಿದ ಎಂಬ ಕಥೆಯನ್ನು ಟಾಂಗಾದವರು ಹೇಳುತ್ತಿದ್ದರು, ಈಗ ಯೂಟ್ಯೂಬಿನ ಹುಡುಗರು ಹಿನ್ನೆಲೆ ಸಂಗೀತ ಹಾಕಿ ಹೇಳುತ್ತಾರೆ. ಗೋಳಗುಮ್ಮಟದಲ್ಲಿ ಸುಲ್ತಾನನ ಗೋರಿಯ ಜೊತೆಗೇ ಗೋರಿ ಪಡೆದ ರಂಭಾ ಎಂಬ ನರ್ತಕಿ ‘ಪ್ರೀತಿಗಾಗಿ ಮ್ಯಾಲಿಂದ ಜಿಗದಳು’ ಎಂಬ ಕಥೆಗೂ ಕೇಳುಗರಿಗೆ ಕೊರತೆಯಿಲ್ಲ. ಗೋರಿಗಳು ಇರುವುದು ದಿಟ. ಕಥೆಗೆ ಮಾತ್ರ ಬಾಯಿಂದ ಬಾಯಿಗೆ ಬಂದ ಬಲ ಬಿಟ್ಟರೆ ಬೇರೆ ಆಧಾರ ತೆಳು. ಜನಾನಾ, ಸಂಶಯ, ರಕ್ತ ಎಂಬ ಈ ಮೂರು ಮಸಾಲೆ ಲಂಡನ್ನಿನ ಕಾದಂಬರಿಯಲ್ಲಿದ್ದವೇ. ನಮ್ಮ ಊರನ್ನು ನಾವೇ ಪರದೇಶದವರ ಕಣ್ಣಿನಿಂದ ತೋರಿಸಿ ಚಹಾದ ಕಾಸು ಇಸಿದುಕೊಳ್ಳುತ್ತಿದ್ದೇವೆ.

ಕೋರೆಹಲ್ಲು ಯಾರು ಹಚ್ಚಿದರು?

ಇದೆಲ್ಲ ಬ್ರಿಟಿಷರು ಕಲಿಸಿದ್ದು ಎಂದರೆ ಅದೂ ಸುಳ್ಳಾಗುತ್ತದೆ. ನಗರಕ್ಕೆ ಅಂಟಿಕೊಂಡಿರುವ ತೊರವೆಯಲ್ಲಿ ಕುಮಾರ ವಾಲ್ಮೀಕಿ ರಾಮಾಯಣ ಬರೆದ. ಆ ರಾಮಾಯಣದ ಪ್ರಸಂಗಗಳನ್ನು ಹಳ್ಳಿಯ ದೊಡ್ಡಾಟಗಳು ಆಡಿದಾಗ ದಕ್ಷಿಣ ದಿಕ್ಕಿನ ಜನಕ್ಕೆ ಕೋರೆಹಲ್ಲು, ಕೆದರಿದ ಕೂದಲು, ಗುಡುಗಿನ ನಗೆ. ದಕ್ಷಿಣದಲ್ಲೇ ಕುಳಿತ ಪ್ರೇಕ್ಷಕರು ಅದನ್ನು ನೋಡಿ ಚಪ್ಪಾಳೆ ಹೊಡೆದರು. ಆದರೂ ದೊಡ್ಡಾಟದಲ್ಲಿ ರಾಕ್ಷಸನಿಗೆ ಮಾತಿತ್ತು. ರಾವಣ ಗಂಟೆಗಟ್ಟಲೆ ವಾದಿಸುತ್ತಾನೆ, ಹಾಡುತ್ತಾನೆ, ಮಗ ಸತ್ತಾಗ ಗೋಳಾಡುತ್ತಾನೆ. ಆ ಪಾತ್ರಕ್ಕೆ ಊರಿನ ಗಟ್ಟಿ ಕಲಾವಿದನೇ ಬೇಕು.

ಹಗಲುವೇಷದವರದು ಇನ್ನೊಂದು ದಾರಿ. ಮನೆಯಿಂದ ಮನೆಗೆ ಬರುವ ಈ ಅಲೆಮಾರಿ ಕಲಾವಿದರು ಒಂದು ದಿನ ಫಕೀರ, ಒಂದು ದಿನ ಸಾಹುಕಾರ, ಇನ್ನೊಂದು ದಿನ ಪೊಲೀಸು. ಬೇರೆಯವರ ನಡೆನುಡಿಯ ಅಣಕವೇ ಅವರ ಹೊಟ್ಟೆಪಾಡು. ಅಲ್ಲಿ ಅಣಕಿಸುವವನು ಬಡವ, ಅಣಕಕ್ಕೆ ಗುರಿಯಾದವನು ಬಲ್ಲಿದ. ಇದರಿಂದ ಸಾಹುಕಾರನ ಒಂದು ಕಾಳೂ ಕಡಿಮೆಯಾಗಲಿಲ್ಲ. ಹಾಗಾಗಿ ವೇಷ ಹಾಕುವುದೇ ತಪ್ಪಲ್ಲ. ಯಾರು ಯಾರ ವೇಷ ಹಾಕುತ್ತಿದ್ದಾರೆ, ಆ ವೇಷಕ್ಕೆ ಮಾತು ಕೊಟ್ಟಿದ್ದಾರೋ ಬರೀ ಅರಚಾಟ ಕೊಟ್ಟಿದ್ದಾರೋ ಎಂಬುದನ್ನು ನೋಡಬೇಕು.

ಹುಸಿ ಕಿವಿಯ ಆನೆ

ಸಿನಿಮಾ ಬಂದಾಗ ಮಾತು ಹೋಯಿತು, ಅರಚಾಟ ಉಳಿಯಿತು. ಟಾರ್ಜಾನ್ ಕಥೆ ಬರೆದ ಎಡ್ಗರ್ ರೈಸ್ ಬರೋಸ್ ಆಫ್ರಿಕಾದ ನೆಲ ತುಳಿದವನೇ ಅಲ್ಲ. 1912ರಲ್ಲಿ ಪತ್ರಿಕೆಯಲ್ಲಿ ಬಂದ ಮೊದಲ ಕಥೆಯಲ್ಲಿ ಆಫ್ರಿಕಾದ ಕಾಡಿಗೆ ಹುಲಿಯನ್ನು ಬಿಟ್ಟಿದ್ದ. ಅಲ್ಲಿ ಹುಲಿ ಇಲ್ಲ ಎಂದು ಓದುಗರು ಹೇಳಿದ ಮೇಲೆ ಪುಸ್ತಕದಲ್ಲಿ ಅದು ಸಿಂಹಿಣಿಯಾಯಿತು. 1932ರಿಂದ ಜಾನಿ ವೈಸ್‌ಮುಲ್ಲರ್ ನಟಿಸಿದ ಟಾರ್ಜಾನ್ ಚಿತ್ರಗಳಲ್ಲಿ ಏಷ್ಯಾದ ಆನೆಗಳಿಗೆ ದೊಡ್ಡ ಹುಸಿ ಕಿವಿ ಕಟ್ಟಿ ಆಫ್ರಿಕಾದ ಆನೆ ಮಾಡಿದರು. ಆನೆಗೇ ವೇಷ ಹಾಕಿದವರು ಮನುಷ್ಯರನ್ನು ಬಿಟ್ಟಾರೆಯೇ?

ಅದೇ ಕಾಲಕ್ಕೆ ಕನ್ನಡನಾಡೂ ಆ ಪರದೆಗೆ ಸರಕಾಯಿತು. ಮೈಸೂರು ಸೀಮೆಯ ಕಾರಾಪುರದಲ್ಲಿ 1924ರಲ್ಲಿ ಹುಟ್ಟಿದ ಮಾವುತನ ಮಗ ಸಾಬು 1937ರ ‘ಎಲಿಫೆಂಟ್ ಬಾಯ್’ ಚಿತ್ರದಿಂದ ಜಗತ್ತಿಗೆಲ್ಲ ಪರಿಚಿತನಾದ. ಆಮೇಲೆ ಅವನು ಬಾಗ್ದಾದಿನ ಕಳ್ಳನಾದ, ಮೋಗ್ಲಿಯಾದ, ಅರಬನಾದ. ಹಾಲಿವುಡ್ಡಿಗೆ ಇವೆಲ್ಲ ಒಂದೇ ‘ಪೂರ್ವ’. ಎರಡನೇ ಮಹಾಯುದ್ಧದಲ್ಲಿ ಅಮೆರಿಕದ ವಾಯುದಳದ ಗನ್ನರ್ ಆಗಿ ಶೌರ್ಯಪದಕ ಪಡೆದು ಮರಳಿದರೂ ಸಾಬುವಿಗೆ ಸೂಟು ತೊಟ್ಟ ಸಾಮಾನ್ಯ ಮನುಷ್ಯನ ಪಾತ್ರಗಳು ಒಲಿಯಲಿಲ್ಲ.

ನಾವು ಅದರಿಂದ ಪಾಠ ಕಲಿಯಲಿಲ್ಲ, ಕಸುಬು ಕಲಿತೆವು. ಹೋಮಿ ವಾಡಿಯಾ 1937ರಲ್ಲಿ ‘ತೂಫಾನಿ ಟಾರ್ಜಾನ್’, 1958ರಲ್ಲಿ ‘ಜಿಂಬೋ’ ತೆಗೆದರು. ಕುಸ್ತಿಪ್ರಿಯ ಸೀಮೆಯ ಮನೆಮಾತಾಗಿದ್ದ ದಾರಾಸಿಂಗ್ ಅವರ ಎದುರಾಳಿ ‘ಕಿಂಗ್ ಕಾಂಗ್’ ನಿಜಕ್ಕೂ ಎಮಿಲ್ ಚಾಯಾ ಎಂಬ ಹಂಗೇರಿ ಮೂಲದ ಮನುಷ್ಯ. ಅವನ ದೇಹದ ಗಾತ್ರವನ್ನೇ ಪೋಸ್ಟರು ಮಾಡಿ, ವಾನರನ ಹೆಸರಿಟ್ಟು ಊರೂರು ತಿರುಗಿಸಿದರು. ಕನ್ನಡದಲ್ಲಿ ದ್ವಾರಕೀಶ್ 1986ರಲ್ಲಿ ‘ಆಫ್ರಿಕಾದಲ್ಲಿ ಶೀಲಾ’ ನಿರ್ದೇಶಿಸಿದರು. ಅಷ್ಟು ದೂರ ಯೂನಿಟ್ಟು ಒಯ್ದು ಚಿತ್ರೀಕರಿಸಿದ್ದು ಆ ಕಾಲಕ್ಕೆ ಸಾಹಸವೇ. ಆದರೆ ಆಫ್ರಿಕಾ ಅಲ್ಲೂ ಹಿನ್ನೆಲೆ ಪರದೆಯೇ. ಕಾಡು, ಪ್ರಾಣಿ, ಈಟಿ ಹಿಡಿದ ಜನ. ಕಥೆ ನಡೆಸುವವರು ಮಾತ್ರ ನಮ್ಮವರು.

ಈ ತಮಾಷೆಗೆ ಬೆಲೆ ತೆರುವವರು ಬೇರೆ ಇದ್ದಾರೆ. 2017ರ ಮಾರ್ಚಿನಲ್ಲಿ ಗ್ರೇಟರ್ ನೊಯ್ಡಾದಲ್ಲಿ ಒಬ್ಬ ಹುಡುಗ ಕಾಣೆಯಾದಾಗ ನೈಜೀರಿಯಾದ ವಿದ್ಯಾರ್ಥಿಗಳು ಅವನನ್ನು ತಿಂದಿದ್ದಾರೆ ಎಂಬ ಸುದ್ದಿ ಹಬ್ಬಿತು. ಹುಡುಗ ಮರಳಿ ಬಂದು ತೀರಿಕೊಂಡ ಮೇಲೆ ಗುಂಪುಗಳು ಆಫ್ರಿಕಾದ ವಿದ್ಯಾರ್ಥಿಗಳನ್ನು ಅಟ್ಟಿಸಿಕೊಂಡು ಹೊಡೆದವು. ನರಭಕ್ಷಕರ ಕಲ್ಪನೆ ಆ ಬೀದಿಯ ಜನಕ್ಕೆ ಎಲ್ಲಿಂದ ಬಂತು? ಅವರು ಆಫ್ರಿಕಾ ಕಂಡವರಿರಲಾರರು. ಕುದಿಯುವ ಹಂಡೆ, ಸುತ್ತ ಕುಣಿಯುವ ಜನ ಎಂಬ ದೃಶ್ಯವನ್ನು ಸಿನಿಮಾ, ಕಾರ್ಟೂನುಗಳಲ್ಲಿ ಕಂಡಿರಬೇಕು.

ಕುಳ್ಳ, ಜೋಕರು, ನ್ಯಾಯಾಲಯ

ದೂರ ಎನ್ನುವುದು ನೆಲದ ಲೆಕ್ಕವಷ್ಟೇ ಅಲ್ಲ, ಮೈಯ ಲೆಕ್ಕವೂ ಹೌದು. ಈ ಸೀಮೆಗೆ ಸರ್ಕಸ್ಸಿನ ನಂಟು ಹಳೆಯದು. ಭಾರತೀಯ ಸರ್ಕಸ್ಸನ್ನು 1880ರಲ್ಲಿ ಆರಂಭಿಸಿದ ವಿಷ್ಣುಪಂತ ಛತ್ರೆ ನೆರೆಯ ಸಾಂಗಲಿ ಸೀಮೆಯವರು. ಸರ್ಕಸ್ಸಿನಲ್ಲಿ ಗಿಡ್ಡ ಮೈಯವನೆಂದರೆ ಜೋಕರ್, ಬೇರೆ ಕೆಲಸವಿಲ್ಲ. ಬೀಳಬೇಕು, ಒದೆ ತಿನ್ನಬೇಕು, ನಗಿಸಬೇಕು. ಹಾಗೆಂದು ಸರ್ಕಸ್ಸನ್ನು ಬರೀ ಬೈದರೆ ಅನ್ಯಾಯವಾದೀತು. ಊರಲ್ಲಿ ಯಾರೂ ಕೆಲಸ ಕೊಡದವನಿಗೆ ಪಗಾರ, ಊಟ, ಜೊತೆಗಾರರನ್ನು ಕೊಟ್ಟದ್ದೂ ಅದೇ ತಂಬು.

ದ್ವಾರಕೀಶ್ ಇಲ್ಲಿ ಮತ್ತೆ ಬರುತ್ತಾರೆ. ಜನ ಕರೆದ ‘ಕುಳ್ಳ’ ಎಂಬ ಹೆಸರನ್ನು ಅವರು ತಮ್ಮ ಲಾಂಛನ ಮಾಡಿಕೊಂಡರು. ‘ಕುಳ್ಳ ಏಜೆಂಟ್ 000’, ‘ಸಿಂಗಾಪುರದಲ್ಲಿ ರಾಜಾ ಕುಳ್ಳ’, ‘ಪ್ರಚಂಡ ಕುಳ್ಳ’. ನಗು ಅವರದೇ, ದುಡ್ಡು ಹಾಕಿದವರೂ ಅವರೇ. ಇದೇ ಕುಳ್ಳ ಬೇರೆಯವರ ಕಂಪನಿಯಲ್ಲಿ ಒದೆ ತಿನ್ನುವ ಪಾತ್ರಕ್ಕೇ ನಿಂತಿದ್ದರೆ ನಾವು ಅಷ್ಟೇ ನಗುತ್ತಿದ್ದೆವು, ಆದರೆ ಅವರ ಹೆಸರು ಕೇಳುತ್ತಿರಲಿಲ್ಲ.

2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯ ಪಟ್ಟಿಯಲ್ಲಿ ಕುಬ್ಜತೆಯೂ ಸೇರಿದೆ. 2024ರ ಜುಲೈ 8ರಂದು ನಿಪುಣ್ ಮಲ್ಹೋತ್ರಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟು, ಅಂಗವೈಕಲ್ಯವನ್ನು ಅರಿಯಲು ನೆರವಾಗುವ ಹಾಸ್ಯಕ್ಕೂ ಅಂಗವಿಕಲರನ್ನು ಕೀಳುಮಾಡುವ ಹಾಸ್ಯಕ್ಕೂ ಗೆರೆ ಎಳೆದು, ಪರದೆಯ ಮೇಲೆ ಅವರನ್ನು ತೋರಿಸುವ ಬಗೆಗೆ ಮಾರ್ಗಸೂಚಿ ಕೊಟ್ಟಿತು. ಅವರಿಲ್ಲದೆ ಅವರ ಬಗ್ಗೆ ತೀರ್ಮಾನ ಬೇಡ ಎಂಬುದು ಅದರ ತಿರುಳು.

ಕಾಚಿನ ಲಂಗ, ಬಾಡಿಗೆಗೆ

ತಿಕೋಟಾ, ಬಬಲೇಶ್ವರದ ಕಡೆಗೆ ಹೋದರೆ ದ್ರಾಕ್ಷಿ ತೋಟ, ಒಣದ್ರಾಕ್ಷಿಯ ಶೆಡ್ಡುಗಳ ನಡುವೆ ಲಂಬಾಣಿ ತಾಂಡಾಗಳು ಸಿಗುತ್ತವೆ. ಶಾಲೆಯ ಗ್ಯಾದರಿಂಗ್ ಬಂತೆಂದರೆ ಊರಿನ ಹುಡುಗಿಯರು ಕಾಚು ಕೂಡಿಸಿದ ಲಂಗ, ಕವಡೆಯ ಸರಗಳನ್ನು ಬಾಡಿಗೆಗೆ ತಂದು ‘ಲಂಬಾಣಿ ಡ್ಯಾನ್ಸ್’ ಮಾಡುತ್ತಾರೆ. ಉತ್ಸವದ ಮೆರವಣಿಗೆಯಲ್ಲಿ ಮಂತ್ರಿಗಳ ಮುಂದೆ ಕುಣಿಯಲು ತಾಂಡಾದ ಹೆಣ್ಣುಮಕ್ಕಳೇ ಬೇಕು. ಅದೇ ತಾಂಡಾದ ಜನ ಸುಗ್ಗಿಗೆ ಕಬ್ಬು ಕಡಿಯಲು ಮಹಾರಾಷ್ಟ್ರಕ್ಕೆ ಗುಳೆ ಹೊರಟಾಗ ಕ್ಯಾಮೆರಾ ಅಲ್ಲಿರುವುದಿಲ್ಲ. ಸಿನಿಮಾದ ಹಾಡಿನಲ್ಲಿ ಲಂಬಾಣಿ ವೇಷ ನಾಲ್ಕು ನಿಮಿಷದ ಬಣ್ಣ. ಆ ನಾಲ್ಕು ನಿಮಿಷದಲ್ಲಿ ಅವರ ಗೋರಬೋಲಿಯ ಒಂದು ಮಾತೂ ಬರುವುದಿಲ್ಲ.

ಇಥಿಯೋಪಿಯಾಕ್ಕೂ ತಿಕೋಟಾದ ತಾಂಡಾಕ್ಕೂ ಇರುವ ಅಂತರ ದೊಡ್ಡದು. ತೋರಿಸುವ ವಿಧಾನ ಮಾತ್ರ ಒಂದೇ. ಉಡುಗೆ ಇಟ್ಟುಕೊಂಡು ಮಾತು ತೆಗೆಯುವುದು, ಕುಣಿತ ಇಟ್ಟುಕೊಂಡು ಕಷ್ಟ ತೆಗೆಯುವುದು.

ಮಾತು ಮರಳಿದ ರಂಗ

ಕರ್ನಾಟಕದಲ್ಲಿಯೇ ಇನ್ನೊಂದು ಬಗೆಯೂ ನಡೆದಿದೆ. ಆಫ್ರಿಕಾ ಮೂಲದ ಸಿದ್ದಿಗಳು ಉತ್ತರ ಕನ್ನಡದ ಯಲ್ಲಾಪುರ, ಹಳಿಯಾಳ, ಅಂಕೋಲಾ, ಮುಂಡಗೋಡ ಭಾಗದಲ್ಲಿದ್ದಾರೆ. 2003ರಲ್ಲಿ ಅಲ್ಲಿಯವರಿಗೆ ಪರಿಶಿಷ್ಟ ಪಂಗಡದ ಮಾನ್ಯತೆ ಸಿಕ್ಕಿತು. 1980ರ ದಶಕದ ಕೊನೆಗೆ ಭಾರತೀಯ ಕ್ರೀಡಾ ಪ್ರಾಧಿಕಾರ, ಆಫ್ರಿಕಾದ ರಕ್ತವೆಂದರೆ ಓಟ ತಾನಾಗಿಯೇ ಬರುತ್ತದೆ ಎಂಬ ಲೆಕ್ಕದಲ್ಲಿ ಸಿದ್ದಿ ಮಕ್ಕಳನ್ನು ಆರಿಸಿ ತರಬೇತಿ ಕೊಟ್ಟಿತು. ಕೆಲವೇ ವರ್ಷಗಳಲ್ಲಿ ಯೋಜನೆ ನಿಂತಿತು. ಹೊಗಳಿಕೆಯ ಹೆಸರಿನಲ್ಲಿ ನಡೆದದ್ದೂ ಮನುಷ್ಯನ ಬದಲು ಮೈ ನೋಡುವ ಆಟವೇ.

ಅದೇ ದಶಕದಲ್ಲಿ ನೀನಾಸಮ್ ರಂಗಬಳಗ ಬೇರೆ ದಾರಿ ಹಿಡಿಯಿತು. ನೈಜೀರಿಯಾದ ಚಿನುವ ಅಚಿಬೆಯ ಕಾದಂಬರಿಯನ್ನು ಆಧರಿಸಿದ ‘ಕಪ್ಪು ಜನ ಕೆಂಪು ನೆರಳು’ ನಾಟಕವನ್ನು ಚಿದಂಬರರಾವ್ ಜಂಬೆ ಮಂಚೀಕೇರಿಯ ಸಿದ್ದಿ ಜನರಿಂದಲೇ ಆಡಿಸಿದರು. ಆಫ್ರಿಕಾದ ಒಂದು ಹಳ್ಳಿ ಮುರಿದುಬೀಳುವ ಕಥೆಯನ್ನು ಆಫ್ರಿಕಾ ಮೂಲದ ಕನ್ನಡಿಗರು ಕನ್ನಡದಲ್ಲಿ ಹೇಳಿದರು. ಅಲ್ಲಿ ಕಪ್ಪು ಮೈ ಯಾರಿಗೂ ವೇಷವಾಗಿರಲಿಲ್ಲ. ಮುಂದೆ ಸಿದ್ದಿ ಸಮುದಾಯದ ಕಲಾವಿದರು ರಂಗಶಿಕ್ಷಣ ಪಡೆದು ಸಿನಿಮಾಕ್ಕೂ ಬಂದರು. 2021ರ ‘ಸಲಗ’ ಚಿತ್ರದ ಹಾಡಿನಲ್ಲಿ ಸಿದ್ದಿ ಗಾಯಕರ ದನಿಯನ್ನು ಇಡೀ ರಾಜ್ಯ ಕೇಳಿತು. ದನಿ ಬಂದಿದೆ, ಇನ್ನು ಕಥೆ ಬರಬೇಕು. ಸಿದ್ದಿ ನಟನಿಗೆ ಶಾಲಾ ಮಾಸ್ತರನ, ತಹಶೀಲ್ದಾರನ, ಪ್ರೇಮಿಯ ಪಾತ್ರ ಸಿಕ್ಕ ದಿನ ಕೆಲಸ ಅರ್ಧ ಮುಗಿದಂತೆ.

ವಿ‌ಜಯಪುರ ಈ ಕೆಲಸಕ್ಕೆ ಕೈ ಹಾಕಲು ಬೇರೆ ಊರುಗಳಿಗಿಂತ ಹೆಚ್ಚು ಕಾರಣವಿದೆ. ‘ರಕ್ತರಾತ್ರಿ’ ಬರೆದ ಕಂದಗಲ್ ಹನುಮಂತರಾಯರ ಹೆಸರಿನ ರಂಗಮಂದಿರ ಇಲ್ಲಿದೆ. ವೃತ್ತಿನಾಟಕದ ರುಚಿ ಬಲ್ಲ ಪ್ರೇಕ್ಷಕರಿದ್ದಾರೆ. ಗುಲಾಮನಾಗಿ ಬಂದು ವಜೀರನಾದ ಇಖ್ಲಾಸ್ ಖಾನನ ಬದುಕಿನಲ್ಲಿ ಒಂದು ನಾಟಕಕ್ಕೆ ಬೇಕಾದ ಏಳುಬೀಳು, ಸಂಚು, ಸೇಡು ಎಲ್ಲ ಇವೆ. ಅದನ್ನು ಸಿದ್ದಿ ಕಲಾವಿದರನ್ನು ಕರೆಸಿ, ಅವರನ್ನು ಬರವಣಿಗೆಯ ಹಂತದಿಂದಲೇ ಕೂಡಿಸಿಕೊಂಡು ನವರಸಪುರ ಉತ್ಸವಕ್ಕೆ ಆಡಬಹುದು. ತಾಂಡಾದ ಹೆಣ್ಣುಮಕ್ಕಳನ್ನು ಮೆರವಣಿಗೆಗೆ ಕರೆಯುವ ಸಮಿತಿ, ಕಾರ್ಯಕ್ರಮ ಗೊತ್ತುಮಾಡುವ ಸಭೆಗೂ ಅವರನ್ನು ಕರೆಯಬಹುದು. ಗೋಳಗುಮ್ಮಟದ ಮುಂದಿನ ನಗಾರಖಾನೆಯ ವಸ್ತುಸಂಗ್ರಹಾಲಯಕ್ಕೆ ಬರುವ ಶಾಲಾ ಮಕ್ಕಳಿಗೆ ಗೈಡುಗಳು 63 ಗೋರಿಗಳ ಕಥೆಯ ಜೊತೆಗೆ ಆನೆಯ ಮೇಲೆ ಸುಲ್ತಾನನ ಜೊತೆ ಕುಳಿತ ಆಫ್ರಿಕಾದವನ ಕಥೆಯನ್ನೂ ಹೇಳಬಹುದು. ಇದಕ್ಕೆಲ್ಲ ದೊಡ್ಡ ಅನುದಾನ ಬೇಡ.

ಬೇರೆಯವರನ್ನು ನೋಡುವ ಆಸೆ ಮನುಷ್ಯನಿಗೆ ಸಹಜ, ಜಾತ್ರೆ ನಡೆಯುವುದೇ ಆ ಆಸೆಯಿಂದ. ಟಿಕೀಟು ಇಟ್ಟರೂ ತಪ್ಪಿಲ್ಲ. ನೋಡಿಸಿಕೊಳ್ಳುವವನಿಗೆ ಆಟದಲ್ಲಿ ಮಾತು ಇದೆಯೇ, ಗಲ್ಲೆಯಲ್ಲಿ ಪಾಲು ಇದೆಯೇ ಎಂದು ಟಿಕೀಟು ಹರಿಯುವ ಮೊದಲು ಕೇಳುವುದು ಮಾತ್ರ ಪ್ರೇಕ್ಷಕನ ಕೆಲಸ.